ದಕ್ಷಿಣ ಭಾರತ ಸಭೆ: ಮಿಶನ್ ನೆಲದಲ್ಲಿ ಬೆಳೆದ ಐಕ್ಯ

1947ರ ಸೆಪ್ಟೆಂಬರ್ 27ರಂದು ಮದರಾಸಿನ ಸೇಂಟ್ ಜಾರ್ಜ್ ಕೆಥೆಡ್ರಲ್‌ನಲ್ಲಿ ಮೂರು ಕ್ರೈಸ್ತ ಸಭೆಗಳು ತಮ್ಮ ಹಳೆಯ ಹೆಸರುಗಳನ್ನು ಬಿಟ್ಟು ಒಂದಾದವು. ಆಂಗ್ಲಿಕನ್ ಸಭೆಯ ನಾಲ್ಕು ದಕ್ಷಿಣ ಪ್ರಾಂತಗಳು ಒಂದು ಕಡೆಯಿಂದ ಬಂದವು. ಇಂಗ್ಲೆಂಡಿನ ಮೆಥಡಿಸ್ಟ್ ಸಭೆಗೆ ಸೇರಿದ ದಕ್ಷಿಣ ಭಾರತದ ವಿಭಾಗ ಇನ್ನೊಂದು ಕಡೆಯಿಂದ ಬಂತು. ಪ್ರೆಸ್ಬಿಟೇರಿಯನ್ ಮತ್ತು ಕಾಂಗ್ರಿಗೇಷನಲ್ ಪಂಗಡದವರು 1908ರಲ್ಲೇ ಸೇರಿ ಕಟ್ಟಿಕೊಂಡಿದ್ದ ದಕ್ಷಿಣ ಭಾರತ ಐಕ್ಯ ಸಭೆ ಮೂರನೆಯದು. ಇವು ಕೂಡಿ ಹುಟ್ಟಿದ್ದು ದಕ್ಷಿಣ ಭಾರತ ಸಭೆ, ಜನರ ಬಾಯಲ್ಲಿ ಸಿಎಸ್‌ಐ. ದೇಶಕ್ಕೆ ಸ್ವಾತಂತ್ರ್ಯ ಬಂದು ಆಗಷ್ಟೇ ಆರು ವಾರ ಕಳೆದಿತ್ತು. ಸುಮಾರು ಹತ್ತು ಲಕ್ಷ ವಿಶ್ವಾಸಿಗಳು ಈ ಒಂದು ಸಭೆಯ ಸದಸ್ಯರಾದರು.

16ನೇ ಶತಮಾನದ ಮತಸುಧಾರಣೆಯ ನಂತರ ಇಂಥದ್ದು ಜಗತ್ತಿನಲ್ಲಿ ಎಲ್ಲಿಯೂ ನಡೆದಿರಲಿಲ್ಲ. ಬಿಷಪರಿಲ್ಲದೆ ಸಭೆಯೇ ಇಲ್ಲ ಎಂದು ನಂಬಿದವರಿಗೂ ಬಿಷಪರ ಅಧಿಕಾರವನ್ನು ಧಿಕ್ಕರಿಸಿಯೇ ಹೊರಬಂದವರಿಗೂ ನಡುವೆ ಬಿದ್ದಿದ್ದ ಬಿರುಕು ಅಷ್ಟು ಆಳವಾಗಿತ್ತು. ಅದನ್ನು ಮುಚ್ಚುವ ಕೆಲಸ ಕ್ಯಾಂಟರ್ಬರಿಯಲ್ಲಿ ಆಗಲಿಲ್ಲ, ಜಿನೀವಾದಲ್ಲಿ ಆಗಲಿಲ್ಲ, ಎಡಿನ್‌ಬರೋದಲ್ಲೂ ಆಗಲಿಲ್ಲ. ತಮಿಳು, ತೆಲುಗು, ಕನ್ನಡ, ಮಲಯಾಳ ಮಾತಾಡುವ ಜನರ ನಡುವೆ ಆಯಿತು. ಕಾರಣ ದೇವಶಾಸ್ತ್ರಜ್ಞರ ಔದಾರ್ಯವಲ್ಲ. ಸುವಾರ್ತೆ ಸಾರಲು ಹೊರಟವರು ತಮ್ಮೊಳಗಿನ ಜಗಳವನ್ನೂ ಜೊತೆಗೆ ಹೊತ್ತು ತಂದಿದ್ದರು. ಅದನ್ನು ಹೊರಲು ಇಲ್ಲಿನ ಕ್ರೈಸ್ತರು ಒಪ್ಪಲಿಲ್ಲ. ಸಿಎಸ್‌ಐ ಹುಟ್ಟಿನ ಕಥೆಯ ತಿರುಳು ಇದು.

ಪ್ರಾಟೆಸ್ಟೆಂಟ್ ಮಿಶನ್ ಸಂಸ್ಥೆಗಳಲ್ಲಿ ಹೆಚ್ಚಿನವು ಹುಟ್ಟಿದ್ದು 18ನೇ ಶತಮಾನದ ಕೊನೆ ಮತ್ತು 19ನೇ ಶತಮಾನದ ಆರಂಭದಲ್ಲಿ. ಆ ಹುಟ್ಟಿನಲ್ಲೇ ಐಕ್ಯದ ಹಂಬಲವೂ ಇತ್ತು ಎಂಬುದನ್ನು ಮರೆಯುವಂತಿಲ್ಲ. 1795ರಲ್ಲಿ ಸ್ಥಾಪನೆಯಾದ ಲಂಡನ್ ಮಿಶನರಿ ಸೊಸೈಟಿ ಯಾವ ಒಂದು ಪಂಗಡದ ಆಡಳಿತ ಪದ್ಧತಿಯನ್ನೂ ಹೊರದೇಶಕ್ಕೆ ಸಾಗಿಸುವುದಿಲ್ಲ, ಸಭೆಯನ್ನು ಹೇಗೆ ನಡೆಸಬೇಕೆಂಬುದನ್ನು ಹೊಸ ವಿಶ್ವಾಸಿಗಳೇ ತೀರ್ಮಾನಿಸಲಿ ಎಂಬ ಮೂಲತತ್ತ್ವವನ್ನು ಇಟ್ಟುಕೊಂಡಿತ್ತು. 1815ರಲ್ಲಿ ಆರಂಭವಾದ ಬಾಸೆಲ್ ಮಿಶನ್‌ನಲ್ಲಿ ಜರ್ಮನಿಯ ಲುಥೆರನ್ನರೂ ಸ್ವಿಟ್ಜರ್ಲೆಂಡಿನ ರಿಫಾರ್ಮ್ಡ್ ಪಂಥದವರೂ ಒಂದೇ ಸೂರಿನಡಿ ತರಬೇತಿ ಪಡೆಯುತ್ತಿದ್ದರು. ತಾಯ್ನಾಡಿನಲ್ಲಿ ಒಟ್ಟಿಗೆ ಕೂರದವರು ಮಿಶನ್ ಎಂದಾಗ ಒಟ್ಟಿಗೆ ಕುಳಿತರು. ಶ್ರೀರಾಂಪುರದ ವಿಲಿಯಂ ಕೇರಿ 1806ರಲ್ಲಿ ಇನ್ನೂ ಮುಂದೆ ಹೋಗಿ, ಎಲ್ಲ ಪಂಗಡಗಳ ಮಿಶನರಿಗಳೂ 1810ರಲ್ಲಿ ಗುಡ್‌ಹೋಪ್ ಭೂಶಿರದಲ್ಲಿ ಸೇರೋಣ, ಆಮೇಲೆ ಹತ್ತು ವರ್ಷಕ್ಕೊಮ್ಮೆ ಸೇರುತ್ತಿರೋಣ ಎಂದು ಸೂಚಿಸಿದರು. ಇಂಗ್ಲೆಂಡಿನ ಅವರ ಸಂಗಾತಿಗಳು ಅದನ್ನು ಚೆಂದದ ಕನಸು ಎಂದು ಬದಿಗಿಟ್ಟರು. ಅಂಥ ಸಮ್ಮೇಳನ ಕೂಡಲು ಸರಿಯಾಗಿ ನೂರು ವರ್ಷ ಬೇಕಾಯಿತು.

ಅಷ್ಟರೊಳಗೆ ಮಿಶನ್‌ಗಳು ಕಂಡುಕೊಂಡ ದಾರಿ ಐಕ್ಯದ್ದಲ್ಲ, ಹಂಚಿಕೆಯದ್ದು. ಒಂದು ಸಂಸ್ಥೆ ಕೆಲಸ ಮಾಡುತ್ತಿರುವ ಜಿಲ್ಲೆಗೆ ಇನ್ನೊಂದು ಕಾಲಿಡಬಾರದು, ಒಬ್ಬರ ಸಭೆಯಿಂದ ಮತ್ತೊಬ್ಬರು ಜನರನ್ನು ಸೆಳೆಯಬಾರದು, ಒಂದು ಕಡೆ ಶಿಸ್ತುಕ್ರಮಕ್ಕೆ ಒಳಗಾದ ಉಪದೇಶಿಗೆ ಮತ್ತೊಂದು ಕಡೆ ಕೆಲಸ ಕೊಡಬಾರದು ಎಂಬ ಸೌಜನ್ಯದ ಒಪ್ಪಂದಗಳು ಜಿಲ್ಲೆ ಜಿಲ್ಲೆಗಳ ನಡುವೆ ಗಡಿ ಎಳೆದವು. ಪೈಪೋಟಿ ತಪ್ಪಿತು, ಖರ್ಚು ಉಳಿಯಿತು. ಆದರೆ ಯಾರು ಯಾವ ಪಂಗಡದವರಾಗಬೇಕು ಎಂಬುದು ನಂಬಿಕೆಯ ಆಯ್ಕೆಯಾಗದೆ ಹುಟ್ಟಿದ ಊರಿನ ಮಾತಾಯಿತು.

ಕನ್ನಡ ನಾಡಿನ ನಕ್ಷೆ ಇದಕ್ಕೆ ಒಳ್ಳೆಯ ನಿದರ್ಶನ. ಬಳ್ಳಾರಿಗೆ 1810ರಲ್ಲಿ ಲಂಡನ್ ಮಿಶನ್ನಿನ ಜಾನ್ ಹ್ಯಾಂಡ್ಸ್ ಬಂದರು. ಅದೇ ಸಂಸ್ಥೆ ಬೆಂಗಳೂರು, ಚಿಕ್ಕಬಳ್ಳಾಪುರದ ಕಡೆಗೂ ಹರಡಿತು. ಮಂಗಳೂರಿಗೆ 1834ರಲ್ಲಿ ಹೆಬಿಕ್, ಲೇನರ್, ಗ್ರೈನರ್ ಎಂಬ ಮೂವರು ಬಾಸೆಲ್ ಮಿಶನರಿಗಳು ಬಂದಿಳಿದರು. ಮೂರೇ ವರ್ಷಕ್ಕೆ ಅವರ ಸಂಸ್ಥೆ ಧಾರವಾಡಕ್ಕೆ, ಆಮೇಲೆ ಹುಬ್ಬಳ್ಳಿ, ಗದಗ ಬೆಟಗೇರಿಗಳಿಗೆ ತಲುಪಿತು. ಹಳೇ ಮೈಸೂರಿನ ಬಹುಭಾಗ, ಅಂದರೆ ಮೈಸೂರು, ತುಮಕೂರು, ಹಾಸನ, ಶಿವಮೊಗ್ಗ, ವೆಸ್ಲಿಯನ್ ಮೆಥಡಿಸ್ಟರ ಪಾಲಿಗೆ ಬಂತು. ಕೋಲಾರ, ಬೀದರ್, ರಾಯಚೂರು ಅಮೆರಿಕದ ಮೆಥಡಿಸ್ಟರದ್ದಾದವು. ಬೆಂಗಳೂರು ದಂಡಿನ ಪ್ರದೇಶದಲ್ಲಿ ಸೈನಿಕರ ಜೊತೆಗೆ ಬಂದ ಆಂಗ್ಲಿಕನ್ ದೇವಾಲಯಗಳಿದ್ದವು. ಹೀಗಾಗಿ ಬಳ್ಳಾರಿಯಲ್ಲಿ ದೀಕ್ಷಾಸ್ನಾನ ಪಡೆದವರು ಕಾಂಗ್ರಿಗೇಷನಲ್, ತುಮಕೂರಿನವರು ಮೆಥಡಿಸ್ಟ್. ಇಬ್ಬರೂ ಹಾಡುವುದು ಕನ್ನಡದ ಅವೇ ಕೀರ್ತನೆಗಳನ್ನು, ಓದುವುದು ಅದೇ ಸತ್ಯವೇದವನ್ನು. ತಮ್ಮ ತಮ್ಮ ಪಂಗಡಗಳು ಇಂಗ್ಲೆಂಡಿನಲ್ಲಿ ಏಕೆ ಬೇರೆಯಾದವು ಎಂಬುದು ಇಬ್ಬರಿಗೂ ತಟ್ಟಿದ ವಿಷಯವಲ್ಲ.

ಬೆಳಗಾವಿಯ ಉದಾಹರಣೆ ಇನ್ನೂ ಕಟುವಾದದ್ದು. ಲಂಡನ್ ಮಿಶನ್ ಅಲ್ಲಿ 1820ರಿಂದ ಕೆಲಸ ಮಾಡಿ ಸಭೆ ಕಟ್ಟಿತ್ತು. 20ನೇ ಶತಮಾನದ ಆರಂಭದಲ್ಲಿ ಆ ಕ್ಷೇತ್ರವನ್ನು ಅದು ಅಮೆರಿಕದ ಮೆಥಡಿಸ್ಟರಿಗೆ ವಹಿಸಿಕೊಟ್ಟಿತು. ಎರಡು ಸಂಸ್ಥೆಗಳ ಆಡಳಿತ ಮಂಡಳಿಗಳು ಪತ್ರ ಬರೆದುಕೊಂಡು ತೀರ್ಮಾನಿಸಿದ ಕೂಡಲೇ ಅಲ್ಲಿನ ಕ್ರೈಸ್ತ ಕುಟುಂಬಗಳ ಪಂಗಡ ಬದಲಾಯಿತು. ಯುರೋಪಿನಲ್ಲಿ ಜನ ಜೀವ ಕೊಟ್ಟು ಕಾಪಾಡಿಕೊಂಡಿದ್ದ ಭೇದಗಳು ಭಾರತದಲ್ಲಿ ಆಸ್ತಿ ವರ್ಗಾವಣೆಯ ಮಟ್ಟಕ್ಕೆ ಇಳಿದಿದ್ದವು ಎನ್ನಲು ಇದಕ್ಕಿಂತ ಸಾಕ್ಷಿ ಬೇಕಿಲ್ಲ.

ಊರು ಬಿಟ್ಟು ಊರಿಗೆ ಹೋದಾಗ ತೊಡಕು ಎದ್ದು ಕಾಣುತ್ತಿತ್ತು. ರೈಲ್ವೆ, ಶಾಲೆ, ಆಸ್ಪತ್ರೆ, ಚಿನ್ನದ ಗಣಿಗಳಲ್ಲಿ ಕೆಲಸ ಹುಡುಕಿ ಕ್ರೈಸ್ತರು ಓಡಾಡತೊಡಗಿದಂತೆ ಒಂದು ಜಿಲ್ಲೆಯ ವಿಶ್ವಾಸಿ ಇನ್ನೊಂದು ಜಿಲ್ಲೆಯ ದೇವಾಲಯದಲ್ಲಿ ಪರಕೀಯನಾದ. ಬಿಷಪರ ಕೈಯಿಂದ ದೃಢೀಕರಣ ಪಡೆಯದವರಿಗೆ ಆಂಗ್ಲಿಕನ್ ದೇವಾಲಯದಲ್ಲಿ ಕರ್ತನ ಭೋಜನ ಕೊಡುವ ವಾಡಿಕೆ ಇರಲಿಲ್ಲ. ಜಾತಿಯ ಪಂಕ್ತಿಭೇದವನ್ನು ಬಿಟ್ಟು ಬನ್ನಿ ಎಂದು ಕರೆದ ಧರ್ಮದೊಳಗೇ ಇನ್ನೊಂದು ಪಂಕ್ತಿಭೇದ. ಹೊರಗಿನವರು ಇದನ್ನು ಎತ್ತಿ ತೋರಿಸುತ್ತಿದ್ದರು, ಒಳಗಿನವರಿಗೆ ಉತ್ತರವಿರಲಿಲ್ಲ.

ಕೆಲಸದ ಒತ್ತಡವೇ ಮಿಶನ್‌ಗಳನ್ನು ಮೆಲ್ಲಗೆ ಒಂದೆಡೆ ತಂದಿತು. ಸತ್ಯವೇದದ ಅನುವಾದವನ್ನು ಪ್ರತಿಯೊಬ್ಬರೂ ಬೇರೆ ಬೇರೆ ಮಾಡಿಕೊಳ್ಳಲು ಸಾಧ್ಯವಿರಲಿಲ್ಲ. ಹ್ಯಾಂಡ್ಸ್ ಬಳ್ಳಾರಿಯಲ್ಲಿ ಆರಂಭಿಸಿದ ಕನ್ನಡ ಅನುವಾದ 1831ರ ಹೊತ್ತಿಗೆ ಪೂರ್ಣವಾಯಿತು. ಮುಂದೆ ಅದರ ಪರಿಷ್ಕರಣೆಯಲ್ಲಿ ಬಾಸೆಲ್ ಮಿಶನ್ನಿನವರೂ ಲಂಡನ್ ಮಿಶನ್ನಿನವರೂ ವೆಸ್ಲಿಯನ್ನರೂ ಜೊತೆಗೂಡಿದರು. ಹೆರ್ಮನ್ ಮೊಗ್ಲಿಂಗ್ 1843ರ ಜುಲೈ 1ರಂದು ಬಾಸೆಲ್ ಮಿಶನ್ನಿನ ಕಲ್ಲಚ್ಚಿನಲ್ಲಿ ಹೊರತಂದ ‘ಮಂಗಳೂರ ಸಮಾಚಾರ’ ಮರುವರ್ಷವೇ ಬಳ್ಳಾರಿಯ ಲಂಡನ್ ಮಿಶನ್ ಮುದ್ರಣಾಲಯಕ್ಕೆ ಹೋಗಿ ಮೊಳೆಯಚ್ಚಿನಲ್ಲಿ ‘ಕಂನಡ ಸಮಾಚಾರ’ವಾಯಿತು. ಕನ್ನಡದ ಮೊದಲ ಪತ್ರಿಕೆ ಎರಡು ಮಿಶನ್‌ಗಳ ಸಹಕಾರದ ಕೂಸು ಎಂಬುದು ಪತ್ರಿಕೋದ್ಯಮದ ಚರಿತ್ರೆ ಹೇಳುವಾಗ ಅಷ್ಟಾಗಿ ನೆನಪಾಗುವುದಿಲ್ಲ. 1910ರಲ್ಲಿ ಬೆಂಗಳೂರಿನಲ್ಲಿ ಹಲವು ಮಿಶನ್‌ಗಳು ಸೇರಿ ಯುನೈಟೆಡ್ ಥಿಯಾಲಾಜಿಕಲ್ ಕಾಲೇಜನ್ನು ತೆರೆದವು. ಕನ್ನಡ ಸಭಾಪಾಲಕರ ತರಬೇತಿಗೆ ತುಮಕೂರಿನಲ್ಲಿ ಜಂಟಿ ವೇದಶಾಲೆ ನಡೆಯಿತು. ಒಂದೇ ಬೆಂಚಿನ ಮೇಲೆ ಕುಳಿತು ಓದಿದವರು ಹೊರಬಂದ ಮೇಲೆ ಬೇರೆ ಬೇರೆ ಪಂಗಡಗಳ ಪೀಠವೇರಿ ಪರಸ್ಪರ ಹೊರಗಿನವರಂತೆ ನಡೆದುಕೊಳ್ಳುವುದು ಬಹುಕಾಲ ಸಾಗುವಂತಿರಲಿಲ್ಲ.

ಎಡಿನ್‌ಬರೋದಲ್ಲಿ ಎದ್ದ ದನಿ

ಕೇರಿ ಕಂಡ ಕನಸು ಈಡೇರಿದ್ದು 1910ರ ಜೂನ್‌ನಲ್ಲಿ, ಸ್ಕಾಟ್ಲೆಂಡಿನ ಎಡಿನ್‌ಬರೋದಲ್ಲಿ. ವಿಶ್ವ ಮಿಶನರಿ ಸಮ್ಮೇಳನಕ್ಕೆ ಸುಮಾರು 1,200 ಪ್ರತಿನಿಧಿಗಳು ಬಂದಿದ್ದರು. ರೋಮನ್ ಕಥೋಲಿಕರೂ ಆರ್ಥೊಡಾಕ್ಸ್ ಸಭೆಯವರೂ ಇರಲಿಲ್ಲ. ಏಷ್ಯಾದವರ ಸಂಖ್ಯೆ ಇಪ್ಪತ್ತನ್ನೂ ಮುಟ್ಟಿರಲಿಲ್ಲ. ಸಮ್ಮೇಳನಕ್ಕೆ ಮೊದಲೇ ಎಂಟು ಆಯೋಗಗಳು ವರದಿ ಸಿದ್ಧಪಡಿಸಿದ್ದವು; ಎಂಟನೆಯದರ ವಿಷಯ ಸಹಕಾರ ಮತ್ತು ಐಕ್ಯ. ತತ್ತ್ವಗಳ ಚರ್ಚೆಗೆ ಅಲ್ಲಿ ಅವಕಾಶವಿರಲಿಲ್ಲ, ಅದು ಮೊದಲೇ ಹಾಕಿಕೊಂಡ ಕರಾರು. ಆದರೂ ಚೀನಾದ ಯುವಕ ಚೆಂಗ್ ಜಿಂಗ್‌ಯಿ ತಮಗೆ ಸಿಕ್ಕ ಏಳು ನಿಮಿಷದಲ್ಲಿ ಮಾತನ್ನು ನೇರವಾಗಿ ಆಡಿದರು. ಚೀನಾದ ಕ್ರೈಸ್ತರಿಗೆ ಪಶ್ಚಿಮದ ಪಂಗಡಭೇದಗಳಲ್ಲಿ ಯಾವ ಆಸಕ್ತಿಯೂ ಇಲ್ಲ, ತಮ್ಮ ನಾಡಿನಲ್ಲಿ ಒಂದೇ ಸಭೆ ಇರಬೇಕೆಂಬುದು ತಮ್ಮ ಆಸೆ ಎಂಬುದು ಅದರ ಸಾರ.

ಅದೇ ಸಭಾಂಗಣದಲ್ಲಿ ಮಾತಾಡಿದ ಭಾರತೀಯ ವೇದನಾಯಗಂ ಸ್ಯಾಮ್ಯುವೆಲ್ ಅಜರಯ್ಯ. 1874ರಲ್ಲಿ ತಿರುನೆಲ್ವೇಲಿ ಸೀಮೆಯ ವೆಳ್ಳಾಲನ್‌ವಿಳೈ ಎಂಬ ಹಳ್ಳಿಯಲ್ಲಿ ಹುಟ್ಟಿದ ಅವರು ವೈಎಂಸಿಎ ಕಾರ್ಯದರ್ಶಿಯಾಗಿ ದಕ್ಷಿಣ ಭಾರತವನ್ನೆಲ್ಲ ಸುತ್ತಿದವರು. ಭಾರತೀಯರೇ ಹಣ ಹಾಕಿ ಭಾರತೀಯರೇ ನಡೆಸುವ ಮಿಶನ್ ಬೇಕೆಂದು 1903ರಲ್ಲಿ ತಿರುನೆಲ್ವೇಲಿಯ ಇಂಡಿಯನ್ ಮಿಶನರಿ ಸೊಸೈಟಿಯನ್ನೂ 1905ರ ಕ್ರಿಸ್‌ಮಸ್ ದಿನ ಶ್ರೀರಾಂಪುರದಲ್ಲಿ ಪಂಗಡಗಳನ್ನು ಮೀರಿದ ನ್ಯಾಷನಲ್ ಮಿಶನರಿ ಸೊಸೈಟಿಯನ್ನೂ ಕಟ್ಟುವುದರಲ್ಲಿ ಮುಂದಿದ್ದರು. ಎಡಿನ್‌ಬರೋದಲ್ಲಿ ಅವರು ಮಾತಾಡಿದ್ದು ಬಿಳಿಯ ಮಿಶನರಿಗಳಿಗೂ ಭಾರತೀಯ ಕೆಲಸಗಾರರಿಗೂ ನಡುವಿನ ಅಂತರದ ಬಗ್ಗೆ. ತ್ಯಾಗವನ್ನು ಕೊಂಡಾಡಿದ ಅವರು ಅದರ ಜೊತೆಗೆ ಸ್ನೇಹವನ್ನೂ ಕೇಳಿದರು. ಸಭೆಯಲ್ಲಿ ಹಲವರಿಗೆ ಅದು ಚುಚ್ಚಿತು. ಐಕ್ಯದ ಪ್ರಶ್ನೆಗೂ ಈ ಮಾತಿಗೂ ನೇರ ನಂಟಿದೆ: ಸಮಾನರೆಂದು ಒಪ್ಪದವರ ಅಭಿಪ್ರಾಯ ಕೇಳಿ ಯಾರೂ ತಮ್ಮ ಪಂಗಡವನ್ನು ಬಿಟ್ಟುಕೊಡುವುದಿಲ್ಲ.

1912ರ ಡಿಸೆಂಬರ್‌ನಲ್ಲಿ ಅಜರಯ್ಯ ಆಂಗ್ಲಿಕನ್ ಸಭೆಯ ಮೊದಲ ಭಾರತೀಯ ಬಿಷಪರಾದರು. ಅವರಿಗೆ ಸಿಕ್ಕಿದ್ದು ನಿಜಾಮರ ಸಂಸ್ಥಾನದ ದೋರ್ನಕಲ್. ಅಲ್ಲಿನ ಹೊಸ ಕ್ರೈಸ್ತರಲ್ಲಿ ಬಹುಪಾಲು ಮಾಲ ಮತ್ತು ಮಾದಿಗ ಸಮುದಾಯದ ಕೂಲಿಗಳು. ಹಳ್ಳಿಯಿಂದ ಹಳ್ಳಿಗೆ ಎತ್ತಿನ ಗಾಡಿಯಲ್ಲಿ, ಸೈಕಲ್ಲಿನಲ್ಲಿ ಓಡಾಡಿದ ಬಿಷಪರಿಗೆ ಅಕ್ಕಪಕ್ಕದ ಹಳ್ಳಿಗಳಲ್ಲಿ ಎರಡು ಪಂಗಡಗಳಿದ್ದರೆ ಏನಾಗುತ್ತದೆ ಎಂಬುದು ಪುಸ್ತಕದ ವಿಷಯವಾಗಿರಲಿಲ್ಲ. ಸಭೆಗಳ ಐಕ್ಯವನ್ನು ಚರ್ಚಿಸಿದ 1927ರ ಲೊಸಾನ್ ಸಮ್ಮೇಳನದಲ್ಲಿ ಅವರು ವಾದಿಸಿದ್ದೂ ಇದನ್ನೇ: ಕ್ರೈಸ್ತ ದೇಶಗಳಲ್ಲಿ ಒಡಕು ಒಂದು ದೌರ್ಬಲ್ಯವಿರಬಹುದು, ಕ್ರೈಸ್ತೇತರ ದೇಶಗಳಲ್ಲಿ ಅದು ಪಾಪ.

ತರಂಗಂಬಾಡಿಯ ಹೇಳಿಕೆ

1919ರ ಮೇ ತಿಂಗಳ ಮೊದಲ ಎರಡು ದಿನ ತರಂಗಂಬಾಡಿಯಲ್ಲಿ 33 ಜನ ಸೇರಿದರು. ಹೆಚ್ಚಿನವರು ಭಾರತೀಯ ಸಭಾಪಾಲಕರು. ಕೆಲವರು ಆಂಗ್ಲಿಕನ್ನರು, ಉಳಿದವರು ದಕ್ಷಿಣ ಭಾರತ ಐಕ್ಯ ಸಭೆಯವರು. ಜಾಗದ ಆಯ್ಕೆಯಲ್ಲೇ ಅರ್ಥವಿತ್ತು. 1706ರಲ್ಲಿ, ಡೇನರ ಕೈಯಲ್ಲಿದ್ದ ಈ ಕಡಲತೀರದ ಊರಿಗೆ ಬಾರ್ತೊಲೊಮಿಯಸ್ ಸೀಗನ್‌ಬಾಲ್ಗ್ ಮತ್ತು ಹೈನ್ರಿಕ್ ಪ್ಲೂಟ್ಶೌ ಬಂದಿಳಿದರು. ಭಾರತದ ಪ್ರಾಟೆಸ್ಟೆಂಟ್ ಮಿಶನ್ ಆರಂಭವಾದದ್ದು ಅಲ್ಲಿಂದ.

ಮೊದಲ ಮಹಾಯುದ್ಧ ಆಗತಾನೆ ಮುಗಿದಿತ್ತು. ಕ್ರೈಸ್ತ ರಾಷ್ಟ್ರಗಳೆನಿಸಿಕೊಂಡವು ಪರಸ್ಪರ ಕೊಂದುಕೊಂಡಿದ್ದನ್ನು ಭಾರತ ನೋಡಿತ್ತು. ಜರ್ಮನ್ ಮಿಶನರಿಗಳನ್ನು ಬ್ರಿಟಿಷ್ ಸರಕಾರ ಬಂಧಿಸಿ ಊರಿಗೆ ಕಳಿಸಿತ್ತು. ಮಂಗಳೂರು, ಧಾರವಾಡಗಳ ಬಾಸೆಲ್ ಸಭೆಗಳು ದಿಕ್ಕಿಲ್ಲದೆ ನಿಂತಿದ್ದವು. ಬೇರೆ ಪಂಗಡಗಳ ಮಿಶನರಿಗಳೇ ಬಂದು ಅವರ ಶಾಲೆ, ಸಭೆಗಳಿಗೆ ಕೈಹಿಡಿದರು. ತರಂಗಂಬಾಡಿಯಲ್ಲಿ ಸೇರಿದವರು ಹೊರಡಿಸಿದ ಹೇಳಿಕೆಯಲ್ಲಿ ಈ ಕಾಲದ ಬಿಸಿ ಇದೆ. ಭಾರತಕ್ಕೆ ಸುವಾರ್ತೆ ಮುಟ್ಟಿಸುವ ದೊಡ್ಡ ಹೊಣೆ ತಮ್ಮ ಮೇಲಿರುವಾಗ ಒಡಕು ತಮ್ಮ ಬಲವನ್ನು ಹೀರುತ್ತಿದೆ. ಈ ಒಡಕು ತಾವು ಮಾಡಿದ್ದಲ್ಲ, ಹೊರಗಿನಿಂದ ತಮ್ಮ ಮೇಲೆ ಹೇರಿದ್ದು. ಇದನ್ನು ಮುಂದುವರಿಸುವ ಇಚ್ಛೆ ತಮಗಿಲ್ಲ ಎಂದು ಅದು ಸಾರಿತು. ಭಾರತದ ಕ್ರೈಸ್ತರು ಬರೆದ ದಾಖಲೆಗಳಲ್ಲಿ ಇಷ್ಟು ಸ್ಪಷ್ಟವಾದ, ಇಷ್ಟು ಗಂಭೀರವಾದ ಮಾತು ವಿರಳ. ಮಿಶನ್ ಮತ್ತು ಐಕ್ಯ ಎರಡೂ ಅದರಲ್ಲಿ ಒಂದೇ ವಾದದ ಎರಡು ಭಾಗಗಳು. ಯೋಹಾನನ ಸುವಾರ್ತೆಯ 17ನೇ ಅಧ್ಯಾಯದ ಪ್ರಾರ್ಥನೆಯೂ ಅವೆರಡನ್ನು ಹಾಗೆಯೇ ಬೆಸೆದಿದೆ: ಶಿಷ್ಯರು ಒಂದಾಗಿರಬೇಕು, ಅದರಿಂದ ಲೋಕವು ನಂಬುವಂತಾಗಬೇಕು ಎಂಬುದು ಅದರ ಆಶಯ. ಸಿಎಸ್‌ಐ ಲಾಂಛನದಲ್ಲಿ ಕಮಲದ ಎಸಳುಗಳ ನಡುವಿನ ಶಿಲುಬೆಯ ಸುತ್ತ ಇರುವ ಮಾತು ಆ ಪ್ರಾರ್ಥನೆಯದ್ದೇ.

ಐಕ್ಯಕ್ಕೆ ಆಧಾರವಾಗಿ ತರಂಗಂಬಾಡಿ ಮುಂದಿಟ್ಟದ್ದು ನಾಲ್ಕು ಅಂಶ. ಸತ್ಯವೇದ, ಪ್ರಾಚೀನ ವಿಶ್ವಾಸಪ್ರಮಾಣಗಳು, ದೀಕ್ಷಾಸ್ನಾನ ಮತ್ತು ಕರ್ತನ ಭೋಜನವೆಂಬ ಎರಡು ಸಂಸ್ಕಾರಗಳು ಮತ್ತು ಐತಿಹಾಸಿಕ ಬಿಷಪ್ ಪದವಿ. ಮೊದಲ ಮೂರರಲ್ಲಿ ಜಗಳವೇ ಇರಲಿಲ್ಲ. ನಾಲ್ಕನೆಯದು ಇಪ್ಪತ್ತೆಂಟು ವರ್ಷ ತೆಗೆದುಕೊಂಡಿತು.

ಜಂಟಿ ಸಮಿತಿ 1920ರಿಂದ ಸೇರತೊಡಗಿತು, 1925ರಲ್ಲಿ ವೆಸ್ಲಿಯನ್ನರು ಬಂದು ಕೂಡಿಕೊಂಡರು, 1929ರಲ್ಲಿ ಐಕ್ಯ ಯೋಜನೆಯ ಮೊದಲ ಕರಡು ಪ್ರಕಟವಾಯಿತು. ಕಗ್ಗಂಟು ಇದ್ದದ್ದು ಒಂದು ಪ್ರಶ್ನೆಯಲ್ಲಿ: ಬಿಷಪರ ಹಸ್ತನಿಕ್ಷೇಪವಿಲ್ಲದೆ ಸೇವೆಗೆ ನಿಂತ ಸಭಾಪಾಲಕರು ಐಕ್ಯ ಸಭೆಯಲ್ಲಿ ಏನಾಗಬೇಕು? ಅವರಿಗೆ ಮತ್ತೆ ದೀಕ್ಷೆ ಕೊಟ್ಟರೆ ಅಷ್ಟು ವರ್ಷದ ಅವರ ಸೇವೆಯನ್ನು ಸುಳ್ಳೆಂದಂತೆ. ಕೊಡದಿದ್ದರೆ ಆಂಗ್ಲಿಕನ್ನರಲ್ಲಿ ಹಲವರ ಮನಸ್ಸಾಕ್ಷಿ ಒಪ್ಪದು. ಕೊನೆಗೆ ಕಂಡುಕೊಂಡ ದಾರಿಯಲ್ಲಿ ದೊಡ್ಡ ವಿವೇಕವಿತ್ತು. ಐಕ್ಯದ ದಿನ ಸೇವೆಯಲ್ಲಿರುವ ಎಲ್ಲ ಸಭಾಪಾಲಕರನ್ನೂ ಇದ್ದಂತೆಯೇ ಒಪ್ಪಿಕೊಳ್ಳುವುದು. ಅಂದಿನಿಂದ ಮುಂದೆ ಆಗುವ ಎಲ್ಲ ದೀಕ್ಷೆಗಳೂ ಬಿಷಪರಿಂದಲೇ ಆಗುವುದು. ಮೂವತ್ತು ವರ್ಷಗಳ ಅವಧಿಯಲ್ಲಿ ಎರಡೂ ಬಗೆಯವರು ಕೂಡಿ ಬೆಳೆಯುವುದು. ಯಾವ ಸಭೆಯ ಮೇಲೂ ಅದರ ಮನಸ್ಸಾಕ್ಷಿಗೆ ಒಗ್ಗದ ಪಾಲಕರನ್ನು ಹೇರುವುದಿಲ್ಲವೆಂದು ಮಾತು ಕೊಡುವುದು. ಬಿಷಪ್ ಪದವಿ ಇರುತ್ತದೆ, ಆದರೆ ಸಂವಿಧಾನಕ್ಕೆ ಒಳಪಟ್ಟು, ಚುನಾಯಿತ ಮಂಡಳಿಗಳ ಜೊತೆಗೆ ಇರುತ್ತದೆ. ಆ ಪದವಿಯ ಅರ್ಥವೇನೆಂಬುದನ್ನು ಎಲ್ಲರೂ ಒಂದೇ ರೀತಿ ವ್ಯಾಖ್ಯಾನಿಸಬೇಕೆಂಬ ಒತ್ತಾಯವಿಲ್ಲ. ಮೊದಲು ಪೂರ್ತಿ ಒಪ್ಪಿ ಆಮೇಲೆ ಸೇರೋಣ ಎನ್ನುವ ಬದಲು, ಸೇರಿ ಬಾಳುತ್ತ ಒಪ್ಪಿಗೆಗೆ ಬರೋಣ ಎಂಬ ಈ ನಿಲುವೇ ಸಿಎಸ್‌ಐ ಜಗತ್ತಿಗೆ ಕೊಟ್ಟ ಹೊಸ ವಿಚಾರ.

ಇಂಗ್ಲೆಂಡಿನಲ್ಲಿ ಇದಕ್ಕೆ ತೀವ್ರ ವಿರೋಧ ಬಂತು. ಆಂಗ್ಲೋ ಕಥೋಲಿಕ್ ಪಕ್ಷದವರು ಐಕ್ಯವಾದರೆ ತಾವು ಸಭೆ ತೊರೆಯುವುದಾಗಿ ಎಚ್ಚರಿಸಿದರು. ಕವಿ ಟಿ.ಎಸ್. ಎಲಿಯಟ್ 1943ರಲ್ಲಿ ಯೋಜನೆಯ ವಿರುದ್ಧ ಒಂದು ಪುಸ್ತಿಕೆಯನ್ನೇ ಬರೆದರು. ಲಂಡನ್ನಿನಲ್ಲಿ ಕುಳಿತು ನೋಡಿದರೆ ಅದು ಶತಮಾನಗಳ ಪರಂಪರೆಯ ಪ್ರಶ್ನೆ. ದೋರ್ನಕಲ್ಲಿನಿಂದ ನೋಡಿದರೆ ಬೇರೆಯೇ ಪ್ರಶ್ನೆ. ಡಾ. ಬಿ.ಆರ್. ಅಂಬೇಡ್ಕರ್ 1935ರಲ್ಲಿ ತಾನು ಹಿಂದೂವಾಗಿ ಸಾಯುವುದಿಲ್ಲ ಎಂದು ಘೋಷಿಸಿದ ನಂತರದ ದಿನಗಳಲ್ಲಿ ಅಜರಯ್ಯನವರನ್ನು ಕೇಳಿದರೆಂದು ಅವರ ಜೀವನಚರಿತ್ರೆಗಳು ದಾಖಲಿಸುವ ಮಾತು ಇದು: ತಾವು ಕ್ರೈಸ್ತರಾದರೆ ಎಲ್ಲೇ ಇದ್ದರೂ ಒಂದೇ ಸಭೆಯಲ್ಲಿ ಇರಬಹುದೇ, ಜಾತಿಯಿಂದ ಪೂರ್ತಿ ಬಿಡುಗಡೆ ಸಿಗುತ್ತದೆಯೇ? ಎರಡಕ್ಕೂ ಹೌದೆನ್ನಲಾಗದೆ ಬಿಷಪರು ನಾಚಿಕೆಪಟ್ಟರು. ಐಕ್ಯದ ಪ್ರಶ್ನೆಯೂ ಜಾತಿಯ ಪ್ರಶ್ನೆಯೂ ಒಟ್ಟೊಟ್ಟಿಗೆ ಬಂದದ್ದನ್ನು ಗಮನಿಸಬೇಕು. ಸಿಎಸ್‌ಐ ಮೊದಲನೆಯದಕ್ಕೆ ಉತ್ತರ ಹುಡುಕಿತು.

ಮೆಥಡಿಸ್ಟರು 1943ರಲ್ಲಿ ಒಪ್ಪಿದರು. 1945ರ ಜನವರಿಯಲ್ಲಿ ಭಾರತ, ಬರ್ಮಾ, ಸಿಲೋನಿನ ಆಂಗ್ಲಿಕನ್ ಮಹಾಮಂಡಳಿ ತನ್ನ ದಕ್ಷಿಣದ ಪ್ರಾಂತಗಳಿಗೆ ಅನುಮತಿ ಕೊಟ್ಟಿತು. ಅದೇ ತಿಂಗಳ ಮೊದಲ ದಿನ ಅಜರಯ್ಯ ತೀರಿಕೊಂಡಿದ್ದರು. ದಕ್ಷಿಣ ಭಾರತ ಐಕ್ಯ ಸಭೆ 1946ರಲ್ಲಿ ಒಪ್ಪಿಗೆ ನೀಡಿತು. ಮರುವರ್ಷ ಮದರಾಸಿನಲ್ಲಿ ತಿರುವಾಂಕೂರು ಕೊಚ್ಚಿಯ ಬಿಷಪ್ ಸಿ.ಕೆ. ಜೇಕಬ್ ಐಕ್ಯವನ್ನು ಘೋಷಿಸಿದರು. ಇದ್ದ ಆಂಗ್ಲಿಕನ್ ಬಿಷಪರ ಜೊತೆಗೆ ಒಂಬತ್ತು ಹೊಸ ಬಿಷಪರಿಗೆ ಅಂದೇ ಅಭಿಷೇಕವಾಯಿತು. ಒಟ್ಟು 14 ಸಭಾಪ್ರಾಂತಗಳಲ್ಲಿ ಒಂದು ಸಮುದ್ರದಾಚೆಯ ಜಾಫ್ನಾ. ಮೈಸೂರು ಸಭಾಪ್ರಾಂತಕ್ಕೆ ಪಿ. ಗುರುಶಾಂತ ಬಿಷಪರಾದರು. ಮದುರೈ ರಾಮನಾಡಿಗೆ ನೇಮಕವಾದ ಸ್ಕಾಟ್ಲೆಂಡ್ ಸಭೆಯ ಮಿಶನರಿ ಲೆಸ್ಲಿ ನ್ಯೂಬಿಗಿನ್‌ಗೆ ಆಗ 37 ವರ್ಷ. ಬಿಷಪರನ್ನೇ ಒಪ್ಪದ ಪ್ರೆಸ್ಬಿಟೇರಿಯನ್ ಪರಂಪರೆಯವರೊಬ್ಬರು ಬಿಷಪರಾದದ್ದು ಪಶ್ಚಿಮದಲ್ಲಿ ಬೆರಗು ಹುಟ್ಟಿಸಿತು. ಮುಂದೆ ಐಕ್ಯದ ಪರ ಅತ್ಯಂತ ಗಟ್ಟಿಯಾಗಿ ಬರೆದವರೂ ಅವರೇ. ಸಂಧಾನದ ಸುದ್ದಿ ಹೇಳುವ ಸಭೆ ತನ್ನೊಳಗೇ ಸಂಧಾನವಿಲ್ಲದೆ ಇದ್ದರೆ ಅದರ ಸುದ್ದಿಯನ್ನು ಅದರ ಬದುಕೇ ಅಲ್ಲಗಳೆಯುತ್ತದೆ ಎಂಬುದು ನ್ಯೂಬಿಗಿನ್‌ರ ವಾದದ ಬುಡ. ಮಿಶನ್‌ಗೆ ಅನುಕೂಲವಾಗಲೆಂದು ಒಂದಾಗುವುದು ಬೇರೆ, ಒಂದಾಗಿರುವುದೇ ಮಿಶನ್ನಿನ ಭಾಗ ಎನ್ನುವುದು ಬೇರೆ, ಅವರದ್ದು ಎರಡನೆಯದು.

ಎಲ್ಲರೂ ಬರಲಿಲ್ಲ. ಆಂಧ್ರದ ನಂದ್ಯಾಲದಲ್ಲಿ ಹತ್ತಾರು ಸಾವಿರ ಆಂಗ್ಲಿಕನ್ನರು ಐಕ್ಯವನ್ನು ನಿರಾಕರಿಸಿ ಹೊರಗುಳಿದರು. ಅವರಿಗೆ ಮಿಶನ್ ಹಣ ಕೊಡುತ್ತಿದ್ದ ಇಂಗ್ಲೆಂಡಿನ ಸಂಸ್ಥೆಯಲ್ಲೇ ಐಕ್ಯದ ಬಗ್ಗೆ ಒಡಕಿತ್ತು. ಅವರು ಸಿಎಸ್‌ಐಗೆ ಸೇರಿದ್ದು 1975ರಲ್ಲಿ. ಕರ್ನಾಟಕದಲ್ಲಿ ಅಮೆರಿಕದ ಮೆಥಡಿಸ್ಟರು ಸೇರಲಿಲ್ಲ. ಹಾಗಾಗಿ ಕೋಲಾರ, ಬೆಳಗಾವಿ, ಬೀದರ್, ರಾಯಚೂರುಗಳಲ್ಲಿ ಮೆಥಡಿಸ್ಟ್ ಸಭೆ ಇಂದಿಗೂ ಬೇರೆ. ಧಾರವಾಡ ಭಾಗದ ಬಾಸೆಲ್ ಸಭೆಗಳು ಕೆಲವು ವರ್ಷ ತಡವಾಗಿ ಕೂಡಿಕೊಂಡವು. ಮೈಸೂರು ಸಭಾಪ್ರಾಂತ ಮುಂದೆ ಮಧ್ಯ, ಉತ್ತರ, ದಕ್ಷಿಣ ಎಂದು ಮೂರಾಯಿತು. ಬೆಂಗಳೂರಿನಲ್ಲಿ ಐಕ್ಯದ ಫಲವನ್ನು ಕಣ್ಣಾರೆ ನೋಡಬಹುದು. ಅವೆನ್ಯೂ ರಸ್ತೆಯ ರೈಸ್ ಮೆಮೋರಿಯಲ್ ಲಂಡನ್ ಮಿಶನ್ನಿನ ಕಾಂಗ್ರಿಗೇಷನಲ್ ದೇವಾಲಯ, ಕಾರ್ಪೊರೇಷನ್ ಬಳಿಯ ಹಡ್ಸನ್ ಮೆಮೋರಿಯಲ್ ವೆಸ್ಲಿಯನ್ನರದ್ದು, ಎಂ.ಜಿ. ರಸ್ತೆಯ ಸೇಂಟ್ ಮಾರ್ಕ್ಸ್ ದಂಡಿನ ಆಂಗ್ಲಿಕನ್ನರದ್ದು. ಮೂರಕ್ಕೂ ಈಗ ಒಬ್ಬರೇ ಬಿಷಪರು, ಮೂರರಲ್ಲೂ ಒಂದೇ ಆರಾಧನಾ ಪುಸ್ತಕ.

ಆ ಆರಾಧನೆಯ ಬಗ್ಗೆ ತುಸು ನಿಂತು ಹೇಳಬೇಕು. 1950ರಲ್ಲಿ ಸಿದ್ಧವಾದ ಕರ್ತನ ಭೋಜನದ ಕ್ರಮದಲ್ಲಿ ಯಾವ ಒಂದು ಪಂಗಡದ ಪುಸ್ತಕವನ್ನೂ ನಕಲು ಮಾಡಲಿಲ್ಲ. ಸಭಾಪಾಲಕರು ಜನರಿಗೆ ಬೆನ್ನು ಹಾಕದೆ ಮೇಜಿನ ಹಿಂದೆ ನಿಂತು ಜನರನ್ನು ಎದುರುಗೊಂಡರು. ಕಥೋಲಿಕ್ ಸಭೆಯಲ್ಲಿ ಇದು ವಾಡಿಕೆಯಾಗುವುದಕ್ಕೆ ಇನ್ನೂ ಹದಿನೈದು ವರ್ಷವಿತ್ತು. ಕೇರಳದ ಸುರಿಯಾನಿ ಕ್ರೈಸ್ತರಿಂದ ‘ಸಮಾಧಾನ’ ಹಂಚುವ ಪದ್ಧತಿಯನ್ನು ತೆಗೆದುಕೊಂಡರು. ಕೊಡುವವರು ತಮ್ಮ ಬಲ ಅಂಗೈಯನ್ನು ಪಡೆಯುವವರ ಬಲ ಅಂಗೈಗೆ ತಾಗಿಸುತ್ತಾರೆ. ಇಬ್ಬರೂ ತಮ್ಮ ಎಡಗೈಯನ್ನು ಎದುರಿನವರ ಬಲಗೈ ಮೇಲೆ ಮುಚ್ಚುತ್ತಾರೆ. ಮೇಜಿನ ಬಳಿಯಿಂದ ಹೊರಟ ಸಮಾಧಾನ ಹೀಗೆ ಕೈಯಿಂದ ಕೈಗೆ ಸಾಲು ಸಾಲಾಗಿ ಹಿಂದಿನ ಬೆಂಚಿನವರೆಗೆ ಸಾಗುತ್ತದೆ. ಮುಟ್ಟುವುದೇ ಮೈಲಿಗೆ ಎನ್ನುವ ಸಮಾಜದಲ್ಲಿ ಮುಟ್ಟಿಯೇ ಕೊಡಬೇಕಾದ ಆಶೀರ್ವಾದವನ್ನು ಆರಾಧನೆಯ ನಡುವೆ ಇಟ್ಟದ್ದು ಸಣ್ಣ ಮಾತಲ್ಲ. ಈ ಕ್ರಮ ಪಶ್ಚಿಮದ ಸಭೆಗಳಿಗೂ ತಲುಪಿ, ಮುಂದಿನ ದಶಕಗಳಲ್ಲಿ ಅವುಗಳು ತಮ್ಮ ಪುಸ್ತಕಗಳನ್ನು ಪರಿಷ್ಕರಿಸುವಾಗ ಮಾದರಿಯಾಯಿತು. ಪಡೆಯುವುದಕ್ಕಷ್ಟೇ ಇದ್ದ ಮಿಶನ್ ನೆಲ ಕೊಡುವ ನೆಲವೂ ಆಯಿತು.

ಜಗತ್ತಿನ ಮಟ್ಟದಲ್ಲಿ ಮಿಶನ್ ಮತ್ತು ಐಕ್ಯದ ಎರಡು ಹೊಳೆಗಳು ಸೇರಿದ್ದೂ ಭಾರತದಲ್ಲೇ. ಎಡಿನ್‌ಬರೋದ ಫಲವಾಗಿ 1921ರಲ್ಲಿ ಅಂತರರಾಷ್ಟ್ರೀಯ ಮಿಶನರಿ ಮಂಡಳಿ ಹುಟ್ಟಿತ್ತು. 1948ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ 147 ಸಭೆಗಳು ಸೇರಿ ಸಭೆಗಳ ವಿಶ್ವ ಮಂಡಳಿಯನ್ನು ಕಟ್ಟಿದ್ದವು. 1961ರಲ್ಲಿ ನವದೆಹಲಿಯ ಅಧಿವೇಶನದಲ್ಲಿ ಮೊದಲನೆಯದು ಎರಡನೆಯದರಲ್ಲಿ ವಿಲೀನವಾಯಿತು. ವಿಲೀನವನ್ನು ನಡೆಸಿಕೊಟ್ಟವರು ಮಿಶನರಿ ಮಂಡಳಿಯ ಕಾರ್ಯದರ್ಶಿಯಾಗಿದ್ದ ನ್ಯೂಬಿಗಿನ್. 1964ರಲ್ಲಿ ಎರಡನೇ ವ್ಯಾಟಿಕನ್ ಮಹಾಸಭೆ ಐಕ್ಯದ ಬಗ್ಗೆ ಹೊರಡಿಸಿದ ಆಜ್ಞಪ್ತಿಯೂ ಕ್ರೈಸ್ತರ ಒಡಕು ಸುವಾರ್ತೆಯ ಕೆಲಸಕ್ಕೆ ಹಾನಿ ಎಂಬ ಮಾತಿನಿಂದಲೇ ಆರಂಭವಾಗುತ್ತದೆ. 1970ರ ನವೆಂಬರ್ 29ರಂದು ನಾಗಪುರದಲ್ಲಿ ಆರು ಪರಂಪರೆಗಳು ಸೇರಿ ಉತ್ತರ ಭಾರತ ಸಭೆಯಾಯಿತು. ಎಲ್ಲ ಕಡೆ ಹೀಗಾಗಲಿಲ್ಲ. ನೈಜೀರಿಯಾದ ಐಕ್ಯ 1965ರ ಡಿಸೆಂಬರ್‌ನಲ್ಲಿ ಉದ್ಘಾಟನೆಗೆ ಕೆಲವೇ ದಿನವಿದ್ದಾಗ ಮುರಿದುಬಿತ್ತು. ಶ್ರೀಲಂಕಾದ ಯೋಜನೆ ನ್ಯಾಯಾಲಯದಲ್ಲಿ ಸಿಕ್ಕಿಬಿತ್ತು. ಇಂಗ್ಲೆಂಡಿನ ಆಂಗ್ಲಿಕನ್ ಮೆಥಡಿಸ್ಟ್ ಯೋಜನೆಗೆ 1972ರಲ್ಲಿ ಸಾಕಷ್ಟು ಮತ ಬರಲಿಲ್ಲ.

ಐಕ್ಯದಿಂದ ಮಿಶನ್‌ಗೆ ನಿಜವಾಗಿ ಏನಾಯಿತು ಎಂಬುದಕ್ಕೆ ಉತ್ತರ ಸರಳವಲ್ಲ. ಬೇರೆ ಬೇರೆ ಸಂಸ್ಥೆಗಳ ಆಸ್ಪತ್ರೆ, ಶಾಲೆ, ಕಾಲೇಜುಗಳು ಒಂದು ಆಡಳಿತದಡಿ ಬಂದವು, ವಿದೇಶಿ ಮಂಡಳಿಗಳ ಕೈಯಲ್ಲಿದ್ದ ನಿರ್ಧಾರಗಳು ಸಿನೊಡ್ ಎಂಬ ಇಲ್ಲಿನ ಮಹಾಮಂಡಳಿಗೆ ದಾಟಿದವು. ಆದರೆ ಆ ಆಸ್ತಿಯೇ ಜಗಳದ ಮೂಲವೂ ಆಯಿತು. ಸಭಾ ಚುನಾವಣೆ ಮತ್ತು ಜಮೀನಿನ ವ್ಯಾಜ್ಯಗಳಲ್ಲಿ ಹೋದ ಶಕ್ತಿ ಬಹಳ. ಐಕ್ಯಕ್ಕೆ ಮೊದಲೇ, 1938ರಲ್ಲಿ, ಪಿ. ಚೆಂಚಯ್ಯ, ವಿ. ಚಕ್ಕರೈ ಮೊದಲಾದ ಚಿಂತಕರು ‘ರೀಥಿಂಕಿಂಗ್ ಕ್ರಿಶ್ಚಿಯಾನಿಟಿ ಇನ್ ಇಂಡಿಯಾ’ ಎಂಬ ಸಂಕಲನದಲ್ಲಿ ಪಶ್ಚಿಮದ ಸಭಾ ಚೌಕಟ್ಟನ್ನೇ ಪ್ರಶ್ನಿಸಿದ್ದರು. ಪಶ್ಚಿಮದ ಮೂರು ವ್ಯವಸ್ಥೆಗಳನ್ನು ಜೋಡಿಸಿದ ಮಾತ್ರಕ್ಕೆ ಭಾರತೀಯ ಸಭೆ ಆಗದು ಎಂಬ ಅವರ ಕಡೆಯವರ ಆಕ್ಷೇಪದಲ್ಲಿ ಸತ್ಯವಿದೆ.

ಅಂಬೇಡ್ಕರರ ಎರಡನೇ ಪ್ರಶ್ನೆ ಹಾಗೆಯೇ ಉಳಿಯಿತು. ಸಿಎಸ್‌ಐ ಸದಸ್ಯರಲ್ಲಿ ದಲಿತರು ದೊಡ್ಡ ಪಾಲು. ಆದರೂ ಮದುವೆ ಸಂಬಂಧದಲ್ಲಿ, ಕೆಲವೆಡೆ ಸ್ಮಶಾನದಲ್ಲಿ, ಬಿಷಪರ ಚುನಾವಣೆಯಲ್ಲಿ ಜಾತಿ ಕೆಲಸ ಮಾಡಿದ್ದು ಗುಟ್ಟಲ್ಲ. 1981ರಲ್ಲಿ ಬೆಂಗಳೂರಿನ ಯುನೈಟೆಡ್ ಥಿಯಾಲಾಜಿಕಲ್ ಕಾಲೇಜಿನಲ್ಲಿ ಅರವಿಂದ ನಿರ್ಮಲ್ ಕೊಟ್ಟ ಉಪನ್ಯಾಸದಿಂದ ದಲಿತ ದೇವಶಾಸ್ತ್ರವೆಂಬ ಚಿಂತನೆ ಹರಿಯತೊಡಗಿತು. ಪಂಗಡಗಳನ್ನು ಒಂದುಗೂಡಿಸಲು ಕಟ್ಟಿದ ಕಾಲೇಜಿನಲ್ಲೇ ಜಾತಿಯ ಒಡಕಿನ ಬಗ್ಗೆ ಈ ಮಾತು ಎದ್ದದ್ದು ಸಹಜವೇ ಆಗಿತ್ತು. ಮಹಿಳೆಯರಿಗೆ ಸಭಾಪಾಲಕ ದೀಕ್ಷೆ ಕೊಡುವುದರಲ್ಲಿ ಸಿಎಸ್‌ಐ 1976ರಲ್ಲೇ ಮುಂದಡಿಯಿಟ್ಟಿತು. ಅದರ ಮೊದಲ ಮಹಿಳಾ ಬಿಷಪ್ ಇ. ಪುಷ್ಪಲಲಿತ 2013ರಲ್ಲಿ ಅಭಿಷಿಕ್ತರಾದದ್ದು ಐಕ್ಯವನ್ನು ಒಮ್ಮೆ ನಿರಾಕರಿಸಿದ್ದ ನಂದ್ಯಾಲಕ್ಕೆ.

ಲುಥೆರನ್ನರೊಂದಿಗಿನ ಮಾತುಕತೆ ದಶಕಗಟ್ಟಲೆ ನಡೆದು, ತತ್ತ್ವದಲ್ಲಿ ಬಹುಮಟ್ಟಿಗೆ ಒಮ್ಮತವಾದರೂ ಸಭೆಗಳು ಒಂದಾಗಲಿಲ್ಲ. ದಕ್ಷಿಣ ಭಾರತ, ಉತ್ತರ ಭಾರತ ಮತ್ತು ಮಾರ್ತೋಮಾ ಸಭೆಗಳು 1978ರಲ್ಲಿ ಜಂಟಿ ಮಂಡಳಿ ರಚಿಸಿಕೊಂಡು, ಆಡಳಿತ ಬೇರೆಯಿದ್ದರೂ ಕರ್ತನ ಭೋಜನದಲ್ಲಿ ಮತ್ತು ಸೇವೆಯಲ್ಲಿ ಪರಸ್ಪರ ಒಪ್ಪಿಕೊಳ್ಳುವ ದಾರಿ ಹಿಡಿದವು. ಇತ್ತ ಕಳೆದ ಕೆಲವು ದಶಕಗಳಲ್ಲಿ ದಕ್ಷಿಣದ ನಗರಗಳಲ್ಲಿ ಅತಿ ವೇಗವಾಗಿ ಬೆಳೆದಿರುವುದು ಪೆಂಟೆಕೋಸ್ಟಲ್ ಮತ್ತು ಸ್ವತಂತ್ರ ಸಭೆಗಳು. ಅವುಗಳನ್ನು ಕಟ್ಟಿದವರೂ ನಡೆಸುವವರೂ ಬಹುತೇಕ ಭಾರತೀಯರೇ; ಒಡಕು ಹೊರಗಿನಿಂದ ಬಂತೆಂಬ 1919ರ ವಾದ ಇವಕ್ಕೆ ಅನ್ವಯಿಸುವುದಿಲ್ಲ. ಮಿಶನ್ ಉತ್ಸಾಹ ಅವರಲ್ಲಿ ಹೆಚ್ಚು, ಐಕ್ಯದ ಯೋಚನೆ ಕಡಿಮೆ. ಹಳೆಯ ಸಭೆಗಳಲ್ಲಿ ಐಕ್ಯವಿದೆ, ಮಿಶನ್ ಉತ್ಸಾಹ ತಗ್ಗಿದೆ. ಅಜರಯ್ಯ ಬಿಡಿಸಲಾಗದಂತೆ ಹೆಣೆದಿದ್ದ ಎರಡು ಎಳೆಗಳು ಹೀಗೆ ಎರಡು ಕಡೆ ಹಂಚಿಹೋಗಿವೆ, ಮತ್ತು ಈ ಹೊಸ ಸಭೆಗಳಲ್ಲಿ ಹೆಚ್ಚಿನವು ಭಾರತದ ಸಭೆಗಳ ರಾಷ್ಟ್ರೀಯ ಮಂಡಳಿಯ ಹೊರಗೇ ಇವೆ.